ಶ್ರುತಿ ಸೇರಿದ ಮೇಲೆ

ಬಾಗಿಲ ಚೌಕಟ್ಟಿನಲ್ಲಿ ಆಳೆತ್ತರದ ತಂತಿವಾದ್ಯ ಹಾರ್ಪ್ ಸಿಕ್ಕಿಹಾಕಿಕೊಂಡಿತು. ಹೊತ್ತು ತಂದಿದ್ದ ಇಬ್ಬರೂ ಅದನ್ನು ಓರೆ ಮಾಡಿದರು, ನೆಟ್ಟಗೆ ಮಾಡಿದರು, ಏದುಸಿರು ಬಿಟ್ಟರು.

"ಯಪ್ಪಾ, ಒಳಗೆ ಮಲಗಿರೋ ಅಮ್ಮನಿಗಿಂತ ಇದೇ ಭಾರ ಇರ್ಬೇಕು," ಎಂದ ಒಬ್ಬ.

"ಮೆತ್ತಗೆ. ತಂತಿಗೆ ಕೈ ತಾಗಿಸ್ಬೇಡಿ," ಎಂದಳು ತೀರಿಕೊಂಡ ಟೀಚರ್‌ನ ಶಿಷ್ಯೆ.

ಅಂತಿಮ ದರ್ಶನಕ್ಕೆಂದು ಬಾಡಿಗೆಗೆ ಹಿಡಿದ ಸಭಾಂಗಣ ಅದು. ಬಂದವರೆಲ್ಲ ಸತ್ತವಳ ತಂಗಿಯ ಕಡೆಯವರು. ವಾದ್ಯವೃಂದದಿಂದ ಬಂದವನು ನಿವೃತ್ತನಾದ ನಗಾರಿಯವನೊಬ್ಬನೇ. ಉಳಿದವರು ಪರವೂರಿನ ಕಾರ್ಯಕ್ರಮಕ್ಕೆ ಹೋಗಿ, ಹೂವಿನ ಚಕ್ರ ಕಳಿಸಿ ಕೈತೊಳೆದುಕೊಂಡಿದ್ದರು. ಅಷ್ಟು ವರ್ಷ ಅವರ ಜೊತೆ ಕೂತು ನುಡಿಸಿದವಳಿಗೆ ಇಷ್ಟೇ ಏನು ಎಂದುಕೊಂಡಳು ಶಿಷ್ಯೆ.

ಹಾರ್ಪಿನ ಮೇಲೆ ಒಮ್ಮೆ ಕೈಯಾಡಿಸಿದಳು. ಹೊರಗಿನ ಬಿಸಿಲು, ಒಳಗಿನ ತಂಪು, ದಾರಿಯ ಕುಲುಕಾಟ ಎಲ್ಲ ಸೇರಿ ಶ್ರುತಿ ಕೆಟ್ಟಿತ್ತು. ಆಸ್ತಿ ಪಾಲಿಗೆ ಕೂತ ಅಣ್ಣತಮ್ಮಂದಿರ ಹಾಗೆ ಒಂದೊಂದು ತಂತಿ ಒಂದೊಂದು ಮಾತಾಡುತ್ತಿತ್ತು.

"ಗಾಡಿ ಬರೋಕೆ ಇನ್ನೂ ಸ್ವಲ್ಪ ಹೊತ್ತಿದೆ. ಶುರು ಮಾಡ್ಬಿಡಮ್ಮ," ಎಂದ ತಂಗಿಯ ಗಂಡ.

•

ವಾದ್ಯವೃಂದದಲ್ಲಿ ಟೀಚರ್‌ನ ಅಡ್ಡಹೆಸರು 'ಬೀಗದಕೈ'. ಹಾರ್ಪಿನ ತಂತಿ ಒಂದೆರಡಲ್ಲ, ಎಲ್ಲವನ್ನೂ ಶ್ರುತಿಗೆ ತರಲು ಅವಳು ಎಲ್ಲರಿಗಿಂತ ಮೊದಲು ಬಂದು ಬೀಗ ತೆಗೆಸುತ್ತಿದ್ದಳು. ಆಮೇಲೆ ಉಳಿದವರು ನುಡಿಸುವಾಗ ತನ್ನ ಸರದಿಗಾಗಿ ತಾಳ ಎಣಿಸುತ್ತ ಕೂರುತ್ತಿದ್ದಳು. ಪಕ್ಕದಲ್ಲಿ ನಗಾರಿಯವನೂ ಎಣಿಸುತ್ತಿದ್ದ. "ಸಂಬಳ ಕೊಡೋದು ನುಡಿಸೋಕಲ್ಲ ಕಣಯ್ಯ, ಕಾಯೋಕೆ," ಎಂದು ನಗುತ್ತಿದ್ದಳು.

ಮನೆಯಲ್ಲಿ ಒಂಟಿಯಾಗಿ ಕೂತು ಹಾರ್ಪಿಗೆಂದೇ ಒಂದು ಕೃತಿ ರಚಿಸಿದಳು. ಬರೆದಳು, ಅಳಿಸಿದಳು, ತಲೆ ನರೆತ ಮೇಲೆ ಮುಗಿಸಿದಳು. ನಿರ್ದೇಶಕರು, "ಮುಂದಿನ ಸಲ ಖಂಡಿತ," ಎಂದರು. ಪ್ರತಿ ಸಲವೂ ಹಾಗೇ ಎಂದರು. ಕೊನೆಗೊಮ್ಮೆ ಕಾರ್ಯಕ್ರಮದಲ್ಲಿ ಸೇರಿಸಿದರೂ ಅತಿಥಿ ಗಾಯಕನ ಹಾಡು ಮುಗಿಯುವ ಹೊತ್ತಿಗೆ ಜನ ಮನೆಗೆ ಹೊರಡಲು ಕೊಡೆ ಹುಡುಕುತ್ತಿದ್ದರು; ಅವಳ ಸರದಿ ಬರಲೇ ಇಲ್ಲ. ಅವಳು ವೇದಿಕೆಯ ಹಿಂದೆ ಒಳ್ಳೆಯ ಸೀರೆ ಉಟ್ಟು ನಿಂತೇ ಇದ್ದಳು.

ಆಸ್ಪತ್ರೆಯಲ್ಲಿ ಶಿಷ್ಯೆಯ ಕೈ ಹಿಡಿದು ಕೇಳಿದ್ದು ಅದೊಂದನ್ನೇ. "ನಾಲ್ಕು ಜನರ ಮುಂದೆ ಒಂದು ಸಲ ನುಡಿಸಿಬಿಡು. ನಾನಿದ್ರೂ ಸರಿ, ಇಲ್ದಿದ್ರೂ ಸರಿ."

"ನುಡಿಸ್ತೀನಿ ಟೀಚರ್," ಎಂದಿದ್ದಳು ಶಿಷ್ಯೆ.

•

ಶಿಷ್ಯೆ ಶ್ರುತಿಕೀಲಿ ತಿರುಗಿಸಿ ಒಂದು ತಂತಿ ಮೀಟಿದಳು. ಮತ್ತೆ ಮೀಟಿದಳು. ಅದರ ಜೋಡಿ ತಂತಿ ಮೀಟಿ ಕಿವಿಗೊಟ್ಟಳು. ಮಾತಾಡುತ್ತಿದ್ದವರು ಕೈಕಟ್ಟಿ ಕೂತರು. ಹಿಂದಿನ ಸಾಲಿನ ಮುದುಕಿಯೊಬ್ಬಳು ಸೆರಗಿನಿಂದ ಕಣ್ಣೊರೆಸಿಕೊಂಡಳು.

"ಅದದೇ ಬರ್ತಿದೆಯಲ್ಲೇ?" ತಂಗಿಯ ಗಂಡ ಪಿಸುಗುಟ್ಟಿದ.

"ಸುಮ್ನಿರಿ. ನಿಮಗೇನು ಗೊತ್ತಾಗುತ್ತೆ ಸಂಗೀತ?" ಎಂದು ಗದರಿದಳು ತಂಗಿ.

ಇದಿನ್ನೂ ಶ್ರುತಿ ಕೂಡಿಸುವುದಷ್ಟೇ ಎಂದು ನಗಾರಿಯವನಿಗೆ ಮಾತ್ರ ಗೊತ್ತಿತ್ತು. ಅವನು ತಲೆ ತಗ್ಗಿಸಿ ಕೂತಿದ್ದ. ಶಿಷ್ಯೆ ಬೆವರುತ್ತ ಮೇಲಿನ ತಂತಿಗಳಿಗೆ ಬಂದಳು. ಕೊನೆಯದೂ ಕೂಡಿಕೊಂಡಿತು. ಕೀಲಿ ಕೆಳಗಿಟ್ಟು ಅಂಗೈ ಒರೆಸಿಕೊಂಡು, ಉಸಿರು ಬಿಟ್ಟು, ಹಾರ್ಪನ್ನು ಭುಜಕ್ಕೆ ಒರಗಿಸಿಕೊಂಡಳು.

ಅಷ್ಟರಲ್ಲಿ ಎಲ್ಲರೂ ಎದ್ದು ನಿಂತಿದ್ದರು. ಹೊರಗೆ ಗಾಡಿಯ ಹಾರ್ನ್ ಕೇಳಿಸಿತು. ತಂಗಿ ಬಂದು ಅವಳ ಎರಡೂ ಕೈ ಹಿಡಿದುಕೊಂಡಳು.

"ಇದೇ ಕಣಮ್ಮ. ನನ್ನ ಮದುವೆಗೆ ಮುಂಚೆ ದಿನಾ ಬೆಳಗ್ಗೆ ಪಕ್ಕದ ಕೋಣೆಯಿಂದ ಇದೇ ಕೇಳಿಸ್ತಿತ್ತು. ಬಾಗಿಲು ಹಾಕ್ಕೊಳೇ ಅಂತ ಬೈತಿದ್ದೆ. ಅಕ್ಕ ಬರೆದದ್ದು ಇದೇ ಅಂತ ಇವತ್ತು ಗೊತ್ತಾಯ್ತು. ಎಷ್ಟು ಚೆನ್ನಾಗಿದೆ!"

ಶಿಷ್ಯೆ ಬಾಯಿ ತೆರೆದಳು. ತಂಗಿಯ ಮುಖ ಅತ್ತು ಅತ್ತು ಊದಿಕೊಂಡಿತ್ತು. ಬೆಳಗಿನಿಂದ ಮೊದಲ ಸಲ ಅದರಲ್ಲಿ ನೆಮ್ಮದಿ ಕಾಣಿಸಿತ್ತು.

"ಹೌದು ಚಿಕ್ಕಮ್ಮ," ಎಂದಳು. "ಇದೇ."

ಹೇಳಿದ ಮೇಲೆ ಅವಳಿಗೆ ಜೀವವೇ ಬೇಡವೆನಿಸಿತು. ನಗಾರಿಯವನು ಹತ್ತಿರ ಬಂದ.

"ನಾನಾದ್ರೂ ಕೂತು ಕೇಳ್ತಿದ್ದೆ ಮಗಳೇ. ಹೆಗಲು ಕೊಡೋಕೆ ನಾಲ್ಕನೆಯವರು ಇಲ್ವಂತೆ," ಎಂದು ಹೇಳಿ ಹೋದ.

ಗಾಡಿ ಹೊರಟಿತು. ಹಿಂದೆಯೇ ಉಳಿದವರೂ ಹೊರಟರು. ಚಪ್ಪಲಿಗಳ ಸದ್ದು ಮೆಟ್ಟಿಲಿಳಿದು ನಿಂತುಹೋಯಿತು.

ಶಿಷ್ಯೆ ಕುರ್ಚಿ ಎಳೆದುಕೊಂಡು ಕೃತಿಯನ್ನು ಮೊದಲಿನಿಂದ ಶುರು ಮಾಡಿದಳು. ಅದು ಮೆಲ್ಲನೆ ಮೇಲೇರಿ, ಹೊರಳಿ, ಖಾಲಿ ಸಭಾಂಗಣವನ್ನು ತುಂಬತೊಡಗಿತು. ಹಾರ್ಪನ್ನು ವಾಪಸು ಒಯ್ಯಲು ಬಂದ ಇಬ್ಬರೂ ಅದರ ದಪ್ಪ ಹೊದಿಕೆಯನ್ನು ಆಚೆ ತುದಿ ಈಚೆ ತುದಿ ಹಿಡಿದು, ಇವಳು ಯಾವಾಗ ನಿಲ್ಲಿಸುತ್ತಾಳೋ ಎಂದು ಬಾಗಿಲಲ್ಲೇ ಕಾಯುತ್ತ ನಿಂತರು.