ಗೋಧಿ ಹೊಲದ ಕಾಲುದಾರಿ

ಹಿನ್ರಿಶ್ ಕೈಗವಸಿಗೆ ಬೆರಳು ತೂರಿಸುತ್ತಿದ್ದಾಗಲೇ ವೀಬ್ಕ ಬಂದು ಅದನ್ನು ಕಿತ್ತುಕೊಂಡಳು.

"ನೀವು ಬೇಡ," ಅಂದಳು. "ನಮ್ಮಮ್ಮನ ಪೆಟ್ಟಿಗೆ ನೀವು ಮುಟ್ಟೋದು ಬೇಡ."

ನಡುಮನೆಯಲ್ಲಿ ಅವಳ ತಾಯಿ ಗೆಶೆಯ ಶವಪೆಟ್ಟಿಗೆಗೆ ಮುಚ್ಚಳ ಹಾಕಿ ಆಗಿತ್ತು. ಹೊರುವ ಇನ್ನೈದು ಜನ ಕಪ್ಪು ಕೋಟು ತೊಟ್ಟು, ಎತ್ತರದ ಟೋಪಿಗಳನ್ನು ಎದೆಗೆ ಒತ್ತಿಕೊಂಡು ಸುತ್ತ ನಿಂತಿದ್ದರು. ಅಡುಗೆಮನೆಯಿಂದ ಬೆಣ್ಣೆ ಕೇಕಿನ ವಾಸನೆ ಬರುತ್ತಿತ್ತು. ಹಿನ್ರಿಶ್‌ಗೆ ಮೊದಲು ಕಿವಿಗೆ ಬಡಿದದ್ದು ಆ 'ನೀವು'. ಮಾತು ಕಲಿತಾಗಿನಿಂದ ಬೇಲಿಯಾಚೆಯಿಂದ ಮಾಮಾ, ಮಾಮಾ, ನೀನು ಬಾ ಎಂದು ಕೂಗುತ್ತಿದ್ದವಳು, ಈವತ್ತು ಗೊತ್ತಿಲ್ಲದವರನ್ನು ಮಾತಾಡಿಸಿದಂತೆ ಮಾತಾಡಿಸುತ್ತಿದ್ದಳು.

ಹಾಲಿನ ಲಾರಿ ಓಡಿಸುವ ಎನ್ನೊ ಗಂಟಲು ಸರಿಮಾಡಿಕೊಂಡ. "ವೀಬ್ಕ, ಇದು ನಮ್ಮೂರ ಕ್ರಮ ಕಣಮ್ಮ. ಬೇಲಿ ಹಂಚಿಕೊಂಡ ನೆರೆಯವನೇ ಮುಂದೆ ಎಡಗಡೆ ಹೆಗಲು ಕೊಡಬೇಕು. ಅವನು ಎತ್ತದೆ ನಾವು ಎತ್ತೋ ಹಾಗಿಲ್ಲ."

"ಹಾಗಾದ್ರೆ ಹೆಣದ ಗಾಡಿಯವರನ್ನ ಕರೀತೀನಿ. ಅವರ ಹತ್ರ ಚಕ್ರದ ಸ್ಟ್ಯಾಂಡ್ ಇದೆ."

"ಅಂಗಡಿ ಸಾಮಾನು ತಳ್ಳಿಕೊಂಡು ಹೋದ ಹಾಗೆ ನಿಮ್ಮಮ್ಮನ್ನ ತಳ್ಳಿಸ್ತೀಯಾ?"

ವೀಬ್ಕ ಅವನತ್ತ ತಿರುಗಲೇ ಇಲ್ಲ. "ಒಂದೇ ಪ್ರಶ್ನೆ," ಎಂದು ಹಿನ್ರಿಶ್‌ನ ಮುಖಕ್ಕೆ ನೇರವಾಗಿ ಹೇಳಿದಳು. "ಉತ್ತರ ಕೊಟ್ಟು ಆಮೇಲೆ ಹೊರಿ. ನಮ್ಮ ಫೊಕ್ಕೆ ಮಾವ ಅಡಗಿದ್ದ ಕೊಟ್ಟಿಗೆಯನ್ನ ಸಿಪಾಯಿಗಳಿಗೆ ತೋರಿಸಿದ್ದು ಯಾರು?"

ಐದು ಟೋಪಿಗಳೂ ತುಸು ಕೆಳಗಿಳಿದವು. ನಲವತ್ತೈದರ ಏಪ್ರಿಲ್‌ನಲ್ಲಿ, ಮಹಾಯುದ್ಧ ಇನ್ನೇನು ಮುಗಿಯುತ್ತದೆ ಅನ್ನುವಾಗ, ಗೆಶೆಯ ಅಣ್ಣ ಫೊಕ್ಕೆ ಪಡೆ ಬಿಟ್ಟು ರಾತ್ರೋರಾತ್ರಿ ಮನೆಗೆ ನಡೆದು ಬಂದಿದ್ದ. ಹದಿನೇಳರ ಹುಡುಗ. ಸ್ವಂತ ದೇಶದ ಸೈನ್ಯದವರೇ ಅವನನ್ನು ಹಿತ್ತಿಲ ಕೊಟ್ಟಿಗೆಯಿಂದ ಎಳೆದು, ರಸ್ತೆ ತಿರುವಿನ ಲಿಂಡನ್ ಮರಕ್ಕೆ ನೇಣು ಹಾಕಿದರು. ಕೊರಳಿಗೆ 'ನಾನು ಹೇಡಿ' ಎಂದು ಬರೆದ ಹಲಗೆ ಕಟ್ಟಿದ್ದರು. ಕೊಟ್ಟಿಗೆ ತೋರಿಸಿದ್ದು ಯಾರೆಂದು ಊರಿಗೆಲ್ಲ ಗೊತ್ತಿತ್ತು. ಆದರೆ ನಲವತ್ತು ವರ್ಷ ಕಳೆದರೂ ಯಾರೂ ಬಾಯಿ ಬಿಟ್ಟಿರಲಿಲ್ಲ. ಬ್ರೆಡ್ ಅಂಗಡಿಯಲ್ಲಿ ದಿನವೂ ನಮಸ್ಕಾರ ಹೇಳಿಕೊಳ್ಳುವ ಊರಿನಲ್ಲಿ ಇಂಥದ್ದನ್ನು ಎತ್ತಿದರೆ ಮರುದಿನ ಬ್ರೆಡ್ ಕೊಳ್ಳುವುದು ಹೇಗೆ? ವೀಬ್ಕಗೂ ತಿಳಿದದ್ದು ಈ ಚಳಿಗಾಲದಲ್ಲೇ, ಆಸ್ಪತ್ರೆಯ ಹಾಸಿಗೆಯಲ್ಲಿ ಅಮ್ಮ ಹೇಳಿದಾಗ.

"ಆಗಿನ ಕಾಲ ಹಾಗಿತ್ತು, ವೀಬ್ಕ," ಅಂದ ಹಿನ್ರಿಶ್. ಹೇಳಿದ ಮೇಲೆ ಅವನಿಗೇ ನಾಚಿಕೆಯಾಯಿತು.

"ಕಾಲಕ್ಕೆ ಬೆರಳಿತ್ತಾ, ಕೊಟ್ಟಿಗೆ ತೋರಿಸೋಕೆ?"

ಇಗರ್ಜಿಯ ಗಂಟೆ ಬಡಿಯತೊಡಗಿತು. ವೀಬ್ಕ ಕೈಗವಸನ್ನು ಮುಷ್ಟಿಯಲ್ಲಿ ಹಿಂಡಿದಳು.

"ಸರಿ, ಊರ ಕ್ರಮ ನಡೀಲಿ. ಆ ಮರದ ತನಕ ಹೊರಿ. ಮರದ ಕೆಳಗೆ ಎಲ್ಲರ ಮುಂದೆ ಇದನ್ನೇ ಮತ್ತೆ ಕೇಳ್ತೀನಿ. ಆಗಲೂ ಕಾಲ ಗೀಲ ಅಂದ್ರೆ ಪೆಟ್ಟಿಗೆ ಅಲ್ಲೇ ಇಳಿಸಿ ಮನೆಗೆ ಹೋಗ್ಬೇಕು."

ಅವಳು ಕೈಗವಸು ವಾಪಸು ಕೊಡಲಿಲ್ಲ. ಹಿನ್ರಿಶ್ ಬರಿಗೈಯಲ್ಲೇ ಬಗ್ಗಿ ಹೆಗಲು ಕೊಟ್ಟ.

*

ಹಿನ್ರಿಶ್‌ನ ಅಪ್ಪ ಮೈನರ್ಟ್ ಸತ್ತಾಗಲೂ ಊರ ಕ್ರಮವೇ ನಡೆದಿತ್ತು. ಹೆಣಕ್ಕೆ ಸ್ನಾನ ಮಾಡಿಸಬೇಕಾದದ್ದು ನೆರೆಮನೆಯ ಹೆಂಗಸು.

"ಅವಳು ಬರಲ್ಲ ಬಿಡು," ಎಂದಿದ್ದಳು ಅವನ ತಾಯಿ. "ಬರಬಾರದು ಕೂಡ."

ಗೆಶೆ ಬಂದಳು. ಡೇರಿಯಲ್ಲಿ ಹಾಲು ಅಳೆಯುವ ಕೆಲಸ ಮುಗಿಸಿ, ಮನೆಯಿಂದ ತನ್ನದೇ ಬೋಗುಣಿ ತಂದು, ಅಂಗಿಯ ತೋಳು ಮಡಚಿಕೊಂಡು ನಿಂತಳು. ಹಿನ್ರಿಶ್ ಬಿಸಿನೀರು ಹಿಡಿದುಕೊಂಡು ಬಾಗಿಲಲ್ಲಿದ್ದ. ಆಕೆ ಮುದುಕನ ಮುಖ ಒರೆಸಿದಳು, ಗಡ್ಡ ಹೆರೆದಳು, ಉಗುರಿನ ಸಂದಿಯ ಮಣ್ಣನ್ನೂ ಬಿಡದೆ ತೆಗೆದಳು. ಕೊನೆಗೆ ಎದೆಯ ಮೇಲೆ ಕೈ ಜೋಡಿಸುವ ಹೊತ್ತು ಬಂದಾಗ ಬಲಗೈ ಎತ್ತಿಕೊಂಡು ಮತ್ತೊಮ್ಮೆ ಒರೆಸಿದಳು.

"ಇದು ಕೆಳಗಿರಲಿ," ಅಂದಳು ಆಮೇಲೆ. ಬಲಗೈಯನ್ನು ಕೆಳಗಿಟ್ಟು, ಎಡಗೈಯಿಂದ ಅದನ್ನು ಪೂರ್ತಿ ಮುಚ್ಚಿದಳು.

ಹಿನ್ರಿಶ್‌ಗೆ ಮಾತು ನಾಲಿಗೆಯ ತುದಿಗೇ ಬಂದಿತ್ತು. ಆರು ವರ್ಷದವನಾಗಿದ್ದಾಗ ಅಡುಗೆಮನೆಯ ಕಿಟಕಿಯಿಂದ ಅವನು ನೋಡಿದ್ದು ಅದೇ ಕೈಯನ್ನು. "ಗೆಶೆಯಕ್ಕಾ," ಅಂದ. ಆಕೆ ತಿರುಗಿ ಕಾದಳು. "ಕಾಫಿ ಕುಡೀತೀಯಾ?" ಎಂದು ಕೇಳಿದ, ಹೇಡಿ.

"ಬೇಡಪ್ಪ," ಎಂದು ಬೋಗುಣಿ ಎತ್ತಿಕೊಂಡು ಹೊರಟಳು.

ಆಕೆ ಊರೊಳಗೆ ಹೋಗುತ್ತಿದ್ದ ದಾರಿಯೇ ಬೇರೆ. ಅಂಗಡಿಗಾಗಲಿ, ಇಗರ್ಜಿಗಾಗಲಿ, ಹಲ್ಲಿನ ಡಾಕ್ಟರ ಹತ್ತಿರವಾಗಲಿ, ಆ ಮರದ ಕೆಳಗಿನ ರಸ್ತೆ ಹಿಡಿದವಳಲ್ಲ. ತಿರುವಿಗೆ ಮುಂಚೆಯೇ ಮೈನರ್ಟ್‌ನ ಗೋಧಿ ಹೊಲಕ್ಕೆ ಇಳಿದು, ಸೈಕಲ್ ತಳ್ಳಿಕೊಂಡು ಸುತ್ತುಬಳಸಿ ಹೋಗುತ್ತಿದ್ದಳು. ರೈಲ್ವೆಯಲ್ಲಿದ್ದ ಗಂಡ ತೀರಿಕೊಂಡಾಗ ಹೆಣ ರಸ್ತೆಯಲ್ಲಿ ಹೋಯಿತು, ಹೆಂಡತಿ ಹೊಲದಲ್ಲಿ ಬಂದು ಇಗರ್ಜಿಯ ಗೇಟಿನಲ್ಲಿ ಕೂಡಿಕೊಂಡಳು. ಪ್ರತಿ ಶರತ್ಕಾಲ ಮೈನರ್ಟ್ ಆ ಕಾಲುದಾರಿಯನ್ನು ಉತ್ತು ಅಳಿಸುತ್ತಿದ್ದ. ವಸಂತ ಬರುವಷ್ಟರಲ್ಲಿ ಆಕೆ ಮತ್ತೆ ತುಳಿದಿರುತ್ತಿದ್ದಳು.

ಅಪ್ಪ ಸತ್ತ ವರ್ಷ ಹಿನ್ರಿಶ್ ಆ ಕಾಲುದಾರಿಯಷ್ಟು ಅಗಲ ಮಣ್ಣನ್ನು ಉಳದೆ ಬಿಟ್ಟ. ಅವನಿಂದ ಆದದ್ದು ಅಷ್ಟೇ.

*

ಮೆರವಣಿಗೆ ತಿರುವಿನ ಹತ್ತಿರ ಬಂತು. ಮುಂದೆ ಪ್ರಾರ್ಥನೆ ನಡೆಸುವ ಪಾದ್ರಿಯಮ್ಮ, ಪೆಟ್ಟಿಗೆಯ ಬೆನ್ನಿಗೇ ವೀಬ್ಕ, ಆಮೇಲೆ ಊರು. ರಸ್ತೆಯ ಕೊನೆಗೆ ಲಿಂಡನ್ ಮರ ಈಗಷ್ಟೇ ಚಿಗುರುತ್ತಿತ್ತು. ಹಿಂದೆ ವೀಬ್ಕಳ ಹೆಜ್ಜೆ ಕೇಳಿಸುತ್ತಿತ್ತು. ಆ ಮರದ ಕೆಳಗೆ ತನ್ನ ಬಾಯಿ ತೆರೆಯುವುದಿಲ್ಲವೆಂದು ಹಿನ್ರಿಶ್‌ಗೆ ಗೊತ್ತಿತ್ತು. ಬೆಳಗ್ಗೆ ತೆರೆಯದ್ದು ಅಲ್ಲಿ ಹೇಗೆ ತೆರೆದೀತು?

ಕಾಲುದಾರಿ ಹೊಲಕ್ಕಿಳಿಯುವ ಜಾಗದಲ್ಲಿ ಅವನ ಕಾಲು ತಾನಾಗಿ ನಿಂತಿತು.

"ಎಡಕ್ಕೆ," ಅಂದ.

"ಎಡಕ್ಕೆಲ್ಲಿದೆಯೋ ರಸ್ತೆ?" ಬಲಗಡೆಯಿಂದ ಎನ್ನೊ ಪಿಸುಗುಟ್ಟಿದ. "ಅದು ನಿನ್ನ ಗೋಧಿ. ಮಳೆ ಬೇರೆ ಬಂದಿದೆ. ತಲೆ ಸರಿ ಇದೆಯಾ?"

"ಎಡಕ್ಕೆ ಅಂದೆ."

ವೀಬ್ಕ ದಾಪುಗಾಲಿಟ್ಟು ಮುಂದೆ ಬಂದಳು. "ತಪ್ಪಿಸಿಕೊಳ್ತಾ ಇದೀರಾ? ಮರದ ಹತ್ರ ಹೋಗೋಕೆ ಭಯನಾ?"

ಹೆಗಲ ಮೇಲೆ ಪೆಟ್ಟಿಗೆ ಇತ್ತು, ಹಿನ್ರಿಶ್‌ಗೆ ಕತ್ತು ತಿರುಗಿಸಲು ಆಗುತ್ತಿರಲಿಲ್ಲ. ಎದುರಿನ ಗಾಳಿಗೆ ಹೇಳಿದಂತೆ ಹೇಳಿದ.

"ನಿಮ್ಮಮ್ಮ ಆ ಮರದ ಕೆಳಗೆ ಒಂದು ದಿನವೂ ಹೋದವಳಲ್ಲ. ನಿಮ್ಮಪ್ಪನ ಹೆಣದ ಹಿಂದೆ ಕೂಡ ಬರಲಿಲ್ಲ. ಈಗ ಅವಳ ಕಾಲು ನಿಂತಿದೆ ಅಂತ ನಾವು ಅದರ ಕೆಳಗೇ ಹೊತ್ತುಕೊಂಡು ಹೋಗೋದಾ?"

ವೀಬ್ಕ ಮರದತ್ತ ಒಮ್ಮೆ ನೋಡಿದಳು. ಸಿಟ್ಟಿನಲ್ಲಿ ಅವಳಿಗೆ ಇದು ಹೊಳೆದೇ ಇರಲಿಲ್ಲ.

"ಕೊಟ್ಟಿಗೆ ತೋರಿಸಿದ್ದು ನಮ್ಮಪ್ಪ," ಅಂದ ಹಿನ್ರಿಶ್. ಮಾತು ಬಂದದ್ದು ಅವನಿಗೇ ಆಶ್ಚರ್ಯ. "ಗೆಶೆ ಹಾಲಿನ ಕ್ಯಾನಿನಲ್ಲಿ ಅಣ್ಣನಿಗೆ ಸೂಪು ಒಯ್ಯೋದನ್ನ ಬೇಲಿಯಿಂದ ನೋಡಿದ್ದ. ಸಿಪಾಯಿಗಳು ಬಂದು ಕೇಳಿದಾಗ ಬಲಗೈ ಎತ್ತಿ ತೋರಿಸಿದ. ಯಾರೂ ಅವನ ಎದೆಗೆ ಕೋವಿ ಹಿಡಿದಿರಲಿಲ್ಲ. ಕಿಟಕಿಯಿಂದ ನಾನು ನೋಡಿದೀನಿ. ಹಿಂದಿನವರಿಗೆ ಕೇಳಿಸ್ತಾ? ಇನ್ನೊಂದ್ಸಲ ಹೇಳಲಾ?"

ಯಾರೂ ಇನ್ನೊಂದು ಸಲ ಕೇಳಲಿಲ್ಲ. ಗಂಟೆ ಬಡಿಯುತ್ತಲೇ ಇತ್ತು.

"ಪೈರು ಹಾಳಾಗುತ್ತೆ," ಅಂದಳು ವೀಬ್ಕ, ಕೊನೆಗೆ.

"ಆಗಲಿ."

ಅವಳು ಮುಷ್ಟಿ ಬಿಚ್ಚಿ, ಮುದ್ದೆಯಾಗಿದ್ದ ಕೈಗವಸನ್ನು ಅವನ ಕೋಟಿನ ಜೇಬಿಗೆ ತುರುಕಿದಳು. "ಕಾಲಿಡುವಾಗ ನೋಡು ಮಾಮಾ, ಅಲ್ಲಿ ಜಾರುತ್ತೆ," ಎಂದಷ್ಟೇ ಹೇಳಿ ಹಿಂದೆ ಸರಿದಳು.

ಹೊಲಕ್ಕೆ ಇಳಿದರು. ಕಾಲುದಾರಿ ಒಬ್ಬ ಹೆಂಗಸು ಮತ್ತು ಒಂದು ಸೈಕಲ್‌ನ ಅಗಲ. ಪೆಟ್ಟಿಗೆ ಮಾತ್ರ ಅದರ ಮೇಲೆ ಸಾಗಿತು. ಹೊರುವವರು ಎರಡೂ ಬದಿಯ ಎಳೆ ಗೋಧಿ ತುಳಿದುಕೊಂಡು, ಮೊಣಕಾಲ ತನಕ ಕೆಸರು ಸಿಡಿಸಿಕೊಂಡು ನಡೆದರು. ಪಾದ್ರಿಯಮ್ಮ ನಿಲುವಂಗಿ ಎತ್ತಿ ಹಿಡಿದಳು. "ನನ್ನ ಹೊಸ ಬೂಟು," ಎಂದು ಎನ್ನೊ ಗೊಣಗಿದ, ಆದರೆ ಹೆಜ್ಜೆ ತಪ್ಪಿಸಲಿಲ್ಲ. ಹಿಂದೆ ಊರು ಒಬ್ಬೊಬ್ಬರಾಗಿ ಇಳಿಯಿತು. ಎಲ್ಲರೂ ಅಲ್ಲ. ಕೆಲವು ಹಿರಿಯರು ತಿರುವಿನಲ್ಲಿ ಸ್ವಲ್ಪ ಹೊತ್ತು ನಿಂತು, ಟೋಪಿ ಸರಿಪಡಿಸಿಕೊಂಡು, ಮರದ ಕೆಳಗಿನ ನೇರ ರಸ್ತೆ ಹಿಡಿದರು.

ಇವರು ತಲುಪುವ ಹೊತ್ತಿಗೆ ಆ ಹಿರಿಯರು ಆಗಲೇ ಇಗರ್ಜಿಯೊಳಗೆ ಮುಂದಿನ ಸಾಲಿನ ಬೆಂಚುಗಳಲ್ಲಿ ಕೂತಿದ್ದರು. ಬಾಗಿಲಲ್ಲಿ ಕಾಲೊರಸು ಇತ್ತು. ಯಾರೂ ಕಾಲು ಒರೆಸಲಿಲ್ಲ. ಹಿನ್ರಿಶ್‌ನ ಹೊಲದ ಮಣ್ಣು, ಅಲ್ಲಲ್ಲಿ ಹಸಿರು ಎಸಳು ಅಂಟಿಕೊಂಡ ಹೆಜ್ಜೆಗಳು, ತೊಳೆದ ಬಿಳಿ ಕಲ್ಲಿನ ನೆಲದ ಮೇಲೆ ಬಾಗಿಲಿನಿಂದ ಶವಪೆಟ್ಟಿಗೆಯ ತನಕ ಮೂಡಿದವು. ಮುಂದಿನ ಬೆಂಚಿನವರು ಒಮ್ಮೆ ಆ ಹೆಜ್ಜೆಗಳನ್ನು ನೋಡಿ, ತಮ್ಮ ಶುಭ್ರವಾದ ಬೂಟುಗಳನ್ನು ಮೆಲ್ಲಗೆ ಬೆಂಚಿನ ಕೆಳಗೆ ಎಳೆದುಕೊಂಡರು.