ಹದಿನೆಂಟರ ಅಂಗಿ

“ಬಾಯಲ್ಲಿ ಹೊಲೀತೀಯೇನೇ ಮುಂಡೆ? ಕೈ ಆಡ್ಸು.”

ಮೇಸ್ತ್ರಿ ಬಟ್ಟೆಯ ಗಂಟನ್ನು ನನ್ನ ಮೆಷಿನ್ನಿನ ಮೇಲೆ ಎಸೆದ. ಸೂಜಿ ಬೆರಳಿಗೆ ಚುಚ್ಚಿತು. ಗಂಟಿನಲ್ಲಿದ್ದದ್ದು ಇಪ್ಪತ್ತಮೂರು ಅಂಗಿ. ಹೋದ ತಿಂಗಳು ನಮ್ಮ ಶೆಡ್ಡಿನ ಹೆಂಗಸರೇ ಹೊಲಿದು ಸೈನ್ಯಕ್ಕೆ ಕಳಿಸಿದ್ದವು. ಯಾಕೆ ವಾಪಸ್ ಬಂದವು ಎಂದು ಕೇಳಿದ್ದಕ್ಕೇ ನನಗೆ ಈ ಮಂಗಳಾರತಿ.

“ದೊಗಳೆ ಆಗಿದ್ಯಂತೆ. ತೋಳು ಮೂರಿಂಚು ಕಮ್ಮಿ ಮಾಡಿ, ಎದೆ ಎರಡೂ ಕಡೆ ಹಿಡೀರಿ. ನಾಡಿದ್ದು ಕವಾಯತು ನೋಡಕ್ಕೆ ಮೈದಾನಕ್ಕೆ ದೊಡ್ ಸಾಹೇಬ್ರು ಬರ್ತಾರೆ, ಪೇಪರ್‌ನೋರು ಬರ್ತಾರೆ. ಹುಡುಗ್ರು ನೆಟ್ಟಗೆ ಕಾಣ್ಬೇಕು.”

“ತೋಳು ಮೂರಿಂಚು ಕಮ್ಮಿ ಇರೋ ಗಂಡಸು ಯಾವನಪ್ಪಾ?” ಎಂದಳು ಕತ್ತರಿ ಅಜ್ಜಿ. ಮೂವತ್ತು ವರ್ಷದಿಂದ ಬಟ್ಟೆ ಕತ್ತರಿಸಿದವಳು, ಅಳತೆ ನೋಡಿಯೇ ವಯಸ್ಸು ಹೇಳುತ್ತಾಳೆ. ಮೇಸ್ತ್ರಿ ಅವಳ ಕಾಲ ಬಳಿ ಉಗುಳಿ ಹೋದ.

ಒಂದೊಂದು ಅಂಗಿಯ ಎದೆಯ ಮೇಲೂ ಹೆಸರಿನ ಪಟ್ಟಿ ಇತ್ತು. ಎಲ್ಲ ನಮ್ಮ ಬೀದಿಯ ಹುಡುಗರದೇ. ಒಂಬತ್ತನೆಯದು ನನ್ನ ಮಗನದು. ತೋಳಿನ ತುದಿಯಲ್ಲಿ ಮೂಗು ಒರೆಸಿಕೊಂಡ ಗುರುತಿತ್ತು. ಎಷ್ಟು ಬೈದರೂ ಬಿಡದ ಚಾಳಿ ಅದು.

ಅವನಿಗೆ ಹದಿನೈದು. ಸೈನ್ಯಕ್ಕೆ ಹದಿನೆಂಟು ತುಂಬಿದವರನ್ನಷ್ಟೇ ಕರೆದೊಯ್ಯಬೇಕೆಂದು ಕಾನೂನಿದೆ. ನಡುವಿನ ಮೂರು ವರ್ಷಕ್ಕೆ ಕೊಳ್ಳಿ ಇಟ್ಟವಳು ನಾನೇ. ಅವನ ಹನ್ನೊಂದನೆಯ ವಯಸ್ಸಿಗೆ ಇದೇ ಶೆಡ್ಡಿಗೆ ಗುಂಡಿ ಹಾಕಲು ಕರೆತಂದೆ. ಮಕ್ಕಳನ್ನು ದುಡಿಸಿದರೆ ಧಣಿಗೆ ಜೈಲು. ಅದಕ್ಕೇ ಹಾಜರಿ ಪುಸ್ತಕದಲ್ಲಿ ಎಲ್ಲ ಮಕ್ಕಳಿಗೂ ಹದಿನೆಂಟು ಎಂದೇ ಬರೆಸಿದ. ಇನ್‌ಸ್ಪೆಕ್ಟರ್ ಕೇಳಿದರೆ ಹಾಗೇ ಹೇಳಬೇಕೆಂದು ಕಲಿಸಿದವರು ತಾಯಂದಿರು. ನನ್ನ ಮಗ ಮೊದಲ ದಿನ ಹನ್ನೊಂದು ಅಂದ. ಕಪಾಳಕ್ಕೆ ಬಿಟ್ಟೆ. ಆಮೇಲೆ ನಿದ್ದೆಗಣ್ಣಲ್ಲಿ ಕೇಳಿದರೂ ಹದಿನೆಂಟು ಅನ್ನುತ್ತಿದ್ದ. ನಾಲ್ಕು ವರ್ಷದಿಂದ ಅವನಿಗೆ ಹದಿನೆಂಟೇ. ಹದಿನೈದು ದಿನದ ಹಿಂದೆ ಸೈನ್ಯದ ಲಾರಿ ಶೆಡ್ಡಿನ ಮುಂದೆ ನಿಂತು ವಯಸ್ಸು ಕೇಳಿದಾಗಲೂ ನನ್ನ ಜಾಣಮರಿ ಒಂಚೂರೂ ತಡವರಿಸಲಿಲ್ಲ.

ಮರುದಿನವೇ ಭರ್ತಿ ಕಚೇರಿಗೆ ಓಡಿದೆ. ಮೂರು ದಿನ ಹೊರಗೆ ಕೂರಿಸಿ ನಾಲ್ಕನೆಯ ದಿನ ಅಧಿಕಾರಿ ಒಳಗೆ ಕರೆದ. ನಮ್ಮ ಹಾಜರಿ ಪುಸ್ತಕದ ನಕಲು ಅವನ ಮುಂದಿತ್ತು.

“ಹುಟ್ಟಿದ ಸರ್ಟಿಫಿಕೇಟ್ ಇದ್ಯಾ?”

“ಇಲ್ಲ ಸಾರ್. ಮನೇಲೇ ಹೆತ್ತಿದ್ದು.”

“ನಾಲ್ಕು ವರ್ಷದ ಹಿಂದೇನೇ ಹದಿನೆಂಟು ಅಂತ ಬರ್ದಿದೆ. ಈ ಲೆಕ್ಕದಲ್ಲಿ ನಿನ್ ಮಗಂಗೆ ಇಪ್ಪತ್ತೆರಡು. ಇಷ್ಟ್ ದಿನ ತಪ್ಪಿಸ್ಕೊಂಡಿದ್ದಕ್ಕೆ ಕೇಸ್ ಹಾಕ್ಲಾ?”

ಪಕ್ಕದ ಗುಮಾಸ್ತ ಕಿಸಕ್ಕೆಂದ. ಸುಳ್ಳು ಬರೆಸಿದ್ದೆಂದು ಧಣಿಯ ಕೈಯಲ್ಲೇ ಬರೆಸಿಕೊಂಡು ಬಾ, ಆಮೇಲೆ ನೋಡೋಣ ಎಂದು ಅಧಿಕಾರಿ ನನ್ನನ್ನು ಹೊರಗೆ ಕಳಿಸಿದ.

ಧಣಿ ವರಾಂಡದಲ್ಲಿ ಚಹಾ ಕುಡಿಯುತ್ತಿದ್ದ. ನಾನು ಮೆಟ್ಟಿಲ ಕೆಳಗೆ ನಿಂತೆ.

“ಬರ್ಕೊಟ್ರೆ ಜೈಲಿಗೆ ಹೋಗೋನು ನಾನು. ನಿನ್ ಮಗ ಅಲ್ಲಿ ಹೊಟ್ಟೆತುಂಬ ತಿಂತಾನೆ, ಖುಷಿಪಡು.”

“ಚಿಕ್ಕ ಧಣಿಗಳ್ಗೂ ಅದೇ ಊಟ ಹಾಕ್ಸಿ ಬುದ್ಧಿ.”

“ನಾಲಿಗೆ ಉದ್ದ ಆಯ್ತು ನಿಂದು. ನನ್ ಮಗಂಗಿನ್ನೂ ಹದಿನೇಳು.”

ಹದಿನೇಳರ ಆ ಕೂಸು ಒಳಗೆ ಕನ್ನಡಿಯ ಮುಂದೆ ಮೀಸೆ ಕತ್ತರಿಸಿಕೊಳ್ಳುತ್ತಿತ್ತು. ಮೂರು ವರ್ಷದಿಂದ ಅದಕ್ಕೆ ಹದಿನೇಳೇ. ಡಾಕ್ಟರು ವರ್ಷಕ್ಕೊಂದು ಸರ್ಟಿಫಿಕೇಟು ಕೊಡುತ್ತಾನೆ. ನನ್ನ ಮಗನ ಮೂರು ವರ್ಷ ಯಾರ ಮನೆ ಸೇರಿತೆಂದು ಆಗ ಗೊತ್ತಾಯಿತು.

ಈಗ ನನ್ನ ಮಗನ ಅಂಗಿ ನನ್ನ ತೊಡೆಯ ಮೇಲಿತ್ತು. ಮೇಸ್ತ್ರಿ ಮಧ್ಯಾಹ್ನದ ಊಟಕ್ಕೆ ಹೋದ ಕೂಡಲೇ ಮೆಷಿನ್ನಿಗೆ ಕೆಂಪು ದಾರ ಏರಿಸಿದೆ. ಮಗನ ಹೆಸರಿನ ಕೆಳಗೆ ಎರಡಿಂಚು ಎತ್ತರಕ್ಕೆ ಹದಿನೈದು ಎಂಬ ಅಂಕಿ ಹೊಲಿದೆ.

“ಏನೇ ಅದು?” ಎಂದಳು ಕತ್ತರಿ ಅಜ್ಜಿ.

“ಅವನ ವಯಸ್ಸು.”

“ಕೆಲ್ಸ ಹೋಗತ್ತೆ ಕಣೇ.”

“ಹೋಗ್ಲಿ ಬಿಡು. ಮಗನೇ ಹೋಗ್ತಿದಾನೆ, ಕೆಲ್ಸ ಇಟ್ಕೊಂಡು ನೆಕ್ಲಾ?”

ಅಜ್ಜಿ ಕತ್ತರಿ ಕೆಳಗಿಟ್ಟಳು. ಆಮೇಲೆ ಗಂಟು ಕೆದಕಿ ಒಂದು ಪುಟ್ಟ ಅಂಗಿ ಎಳೆದಳು. “ನನ್ ಮೊಮ್ಮಗಂದೂ ಹಾಕು. ಹದಿನಾಲ್ಕು ತುಂಬಿ ಎರಡು ತಿಂಗ್ಳು.”

ಉಳಿದ ಹೆಂಗಸರೂ ಎದ್ದುಬಂದರು. ಯಾರಿಗೂ ಸರ್ಟಿಫಿಕೇಟು ಬೇಕಾಗಲಿಲ್ಲ. ಇಬ್ಬರ ನಡುವೆ ಮಾತ್ರ ಯಾರ ಮಗ ದೊಡ್ಡವನೆಂದು ಜಗಳ ಹತ್ತಿ, ಇಬ್ಬರಿಗೂ ಹೆರಿಗೆ ಮಾಡಿಸಿದ್ದ ಅಜ್ಜಿ ತೀರ್ಪು ಕೊಟ್ಟಳು. ಮೇಸ್ತ್ರಿ ಬರುವ ಹೊತ್ತಿಗೆ ಅಳತೆ ಹಿಡಿದು ಮುಗಿಸಿದ್ದ ಅಂಗಿಗಳನ್ನು ಎದೆಯ ಭಾಗ ಒಳಗೆ ಬರುವಂತೆ ಮಡಿಸಿಟ್ಟಿದ್ದೆವು. ಅವನು ಕಾಲರು ಎಣಿಸಿ, ಇಪ್ಪತ್ತಮೂರು ಸರಿಯಿದೆ ಎಂದು ಗಂಟು ಕಟ್ಟಿಸಿದ.

ಮೂರನೆಯ ದಿನ ಮೈದಾನದಲ್ಲಿ ಹಗ್ಗದ ಆಚೆ ನಾವೂ ಸೇರಿ ಊರಿಗೆ ಊರೇ ನಿಂತಿತ್ತು. ಹುಡುಗರು ಸಾಲಾಗಿ ಬಂದರು. ಎದೆಯ ಮೇಲಿದ್ದದ್ದನ್ನು ಅವರನ್ನು ಕರೆತಂದ ಹವಾಲ್ದಾರ ಏನೋ ನಂಬರು ಎಂದುಕೊಂಡಿರಬೇಕು. ದೊಡ್ಡ ಸಾಹೇಬರು ನಡೆಯುತ್ತ ಬಂದು ಅಜ್ಜಿಯ ಮೊಮ್ಮಗನ ಮುಂದೆ ನಿಂತರು.

“ಏನಿದು ಹದಿನಾಲ್ಕು?”

“ನನ್ ವಯಸ್ಸು ಸಾರ್.”

ಕ್ಯಾಮೆರಾದವರು ಆ ಕಡೆ ನುಗ್ಗಿದರು. ಭರ್ತಿ ಅಧಿಕಾರಿ ಟೋಪಿ ಹಿಡಿದುಕೊಂಡು ಓಡಿಬಂದ. “ಯಾವ ಬೋಳಿಮಗಳು ಹೊಲ್ದಿದ್ದು ಇದನ್ನ?”

ನಾನು ಹಗ್ಗ ಎತ್ತಿ ಒಳಗೆ ನಡೆದೆ.

“ನಾನೇ. ಎರಡೆರಡು ಸುತ್ತು ಹಾಕಿದೀನಿ. ಬಿಚ್ಚಕ್ಕೆ ಹೋದ್ರೆ ಬಟ್ಟೆ ಹರಿಯತ್ತೆ.”

ಅವನು ಕ್ಯಾಮೆರಾಗಳ ಕಡೆ ನೋಡಿದ. ಹುಡುಗರ ಕಡೆ ತಿರುಗಿ ಕಿರುಚಿದ. “ಅಂಗಿ ಬಿಚ್ರೋ.”

ಬಿಚ್ಚಿದರು. ಇಪ್ಪತ್ತಮೂರು ಬರಿಮೈ ಬಿಸಿಲಲ್ಲಿ ನಿಂತವು. ಮೂಳೆ ಎಣಿಸಬಹುದಾದ ಎದೆ, ಒಂದು ಕೂದಲಿಲ್ಲ. ಗಂಟು ಹೊತ್ತು ಹೊತ್ತು ಒಂದು ಕಡೆ ವಾಲಿದ ಭುಜಗಳು. ಇನ್ನು ಯಾರೂ ಅಂಕಿ ಓದಬೇಕಾಗಿರಲಿಲ್ಲ. ಹಗ್ಗದ ಆಚೆ ಯಾವಳೋ ಅಯ್ಯೋ ಕೂಸುಗಳೇ ಎಂದಳು. ದೊಡ್ಡ ಸಾಹೇಬರು ಮುಖ ತಿರುಗಿಸಿದರು.

“ಹಾಕ್ಕೊಳ್ರೋ, ಹಾಕ್ಕೊಳ್ರೋ ಸೂಳೆಮಕ್ಳಾ,” ಎಂದು ಅಧಿಕಾರಿ ಅರಚಿದ.

ಅಜ್ಜಿಯ ಮೊಮ್ಮಗ ಕೈ ಎತ್ತಲಿಲ್ಲ. ನನ್ನ ಮಗ ನನ್ನನ್ನು ನೋಡಿದ, ಅಂಗಿಯನ್ನು ಅಧಿಕಾರಿಯ ಬೂಟಿನ ಮುಂದೆ ಹಾಕಿದ. ಲಾಠಿಯವರು ನಮ್ಮ ಕಡೆ ಓಡಿಬರುತ್ತಿದ್ದರು. ಹಗ್ಗ ದಾಟಿ ಶೆಡ್ಡಿನ ಹೆಂಗಸರೂ ಬರುತ್ತಿದ್ದರು. ಸಾಲಿನಲ್ಲಿ ಒಬ್ಬ ಹುಡುಗನೂ ಅಂಗಿ ತೊಡಲಿಲ್ಲ.