ಯೊಸಾಕುವಿನ ಪಾಲಿನ ಅನ್ನ

ಘಾಟಿ ಹತ್ತಿ ಸುಸ್ತಾಗಿ ಬಂದವರಿಗೆ ಒಟಾಮೆಯ ಅಂಗಡಿಯಲ್ಲಿ ಬಿಸಿ ಚಹಾ, ಅಕ್ಕಿಯ ಉಂಡೆ, ಜೊತೆಗೆ ಅವಳ ಬೈಗುಳ, ಎಲ್ಲವೂ ಸಿಗುತ್ತಿದ್ದವು. ಒಳಕೋಣೆಯ ಮೂಲೆಯಲ್ಲಿದ್ದ ತಟ್ಟೆಯ ತಂಟೆಗೆ ಮಾತ್ರ ಯಾರೂ ಹೋಗುವಂತಿರಲಿಲ್ಲ. ದೂರದ ಇಸೆ ದೇಗುಲದ ಯಾತ್ರೆಗೆ ಹೊರಟ ಮಗ ಯೊಸಾಕುವಿಗೆಂದು ದಿನವೂ ಅದರಲ್ಲಿ ಅನ್ನ, ಸಾರು ಬಡಿಸಿಡುತ್ತಿದ್ದಳು. ಮನೆಯಲ್ಲಿ ಹೀಗೆ ಬಡಿಸಿಟ್ಟರೆ ದಾರಿಯಲ್ಲಿರುವವನು ಹಸಿದಿರುವುದಿಲ್ಲ ಎಂಬುದು ಆ ಕಡೆಯ ನಂಬಿಕೆ. ಸಾರಿನ ಬಟ್ಟಲಿನ ಮುಚ್ಚಳದೊಳಗೆ ಆವಿಯ ಹನಿ ಕೂತಿದ್ದರೆ ಅವನು ಕ್ಷೇಮ. ಹನಿ ನೋಡಿದ ಮೇಲೆಯೇ ಒಟಾಮೆಗೆ ತುತ್ತು ಇಳಿಯುತ್ತಿತ್ತು.

ಶರತ್ಕಾಲದ ಸುಗ್ಗಿ ಹುಣ್ಣಿಮೆಯ ದಿನ ಜನವೋ ಜನ. ಪಾತ್ರೆಗಳೆಲ್ಲ ಬರಿದಾದ ಮೇಲೆ, ಕಂಕುಳಲ್ಲಿ ಕೂಸಿದ್ದ ಹೆಂಗಸೊಬ್ಬಳು ಹಸಿದು ಬಾಗಿಲಲ್ಲೇ ಕುಸಿದಳು. ಒಂದು ದಿನ ತಾನೇ ಎಂದುಕೊಂಡು ಒಟಾಮೆ, ಮುಚ್ಚಳವನ್ನೂ ತೆರೆಯದೆ ಮಗನ ತಟ್ಟೆಯನ್ನು ಅವಳ ಮುಂದಿಟ್ಟಳು.

ಚಳಿ ಶುರುವಾದಾಗ ಹೇರುಕುದುರೆಯ ಗೆಂಪಾಚಿ ಬಂದ. ದೂರದಿಂದಲೇ ಕೂಗಾಡುತ್ತ ಬರುವ ಬಾಯಿಬಡುಕ, ಅಂದು ಸುಮ್ಮನೆ ಬಂದು ಕೂತ.

"ಏನೋ, ನಾಲಿಗೇನ ಕುದುರೆಗೆ ಹಾಕ್ಬಿಟ್ಯಾ?"

ಅವನು ಯೊಸಾಕುವಿನ ಬಿದಿರ ಟೋಪಿಯನ್ನು ಬೆಂಚಿನ ಮೇಲಿಟ್ಟ. "ಜ್ವರ ಬಂದಿತ್ತಂತೆ ಅಕ್ಕಾ. ಛತ್ರದಲ್ಲೇ ಹೋಗ್ಬಿಟ್ನಂತೆ."

ಒಟಾಮೆ ಟೋಪಿಯನ್ನು ಎತ್ತಿ ಮಡಿಲಲ್ಲಿಟ್ಟುಕೊಂಡಳು. "ಯಾವತ್ತು?"

"ಸುಗ್ಗಿ ಹುಣ್ಣಿಮೆ ದಿನ."

"ಅವತ್ತು ಏನಾದ್ರೂ ತಿಂದಿದ್ನಾ?"

ಜೀವಮಾನವಿಡೀ ಸುಳ್ಳು ಪೋಣಿಸಿದ ಗೆಂಪಾಚಿಗೆ, ಬೇಕಾದ ಹೊತ್ತಿನಲ್ಲಿ ಒಂದು ಸುಳ್ಳೂ ಬಾಯಿಗೆ ಬರಲಿಲ್ಲ. "ಇಲ್ಲಕ್ಕ. ಗಂಜಿ ಕೊಟ್ರೂ ಬಾಯಿ ತೆರೀಲಿಲ್ವಂತೆ."

"ಅವನ ಅನ್ನ ನಾನೇ ಎತ್ತಿ ಕೊಟ್ಬಿಟ್ಟೆ ಕಣೋ. ಈ ಕೈಯಿಂದ್ಲೇ."

"ಜ್ವರ ಅಕ್ಕಾ ಅದು. ತಟ್ಟೆಗೂ ಜ್ವರಕ್ಕೂ ಏನ್ ಸಂಬಂಧ?"

ಆ ಮಾತು ಅವಳ ಕಿವಿಗೇ ಬೀಳಲಿಲ್ಲ. ದಾರಿಹೋಕರಿಗೆಲ್ಲ ಉಣಿಸಿದವಳು ತಾನು, ಹೆತ್ತ ಮಗನನ್ನು ಹಸಿವಿನಲ್ಲಿ ಕಳಿಸಿಬಿಟ್ಟೆ ಎಂಬುದೊಂದೇ ಅವಳ ತಲೆಯಲ್ಲಿತ್ತು.

"ಅಮ್ಮಾ, ತಿನ್ನೋಕೆ ಏನಾದ್ರೂ ಇದ್ಯಾ?" ಹೊರಗೆ ಯಾರೋ ಅಪರಿಚಿತ ಯುವಕ ಕೋಲೂರಿ ನಿಂತಿದ್ದ.

ಒಲೆಯ ಮೇಲೆ ಪಾತ್ರೆ ತುಂಬ ಅನ್ನವಿತ್ತು. ಒಟಾಮೆ ಅದರತ್ತ ನೋಡಲಿಲ್ಲ. ಒಳಗೆ ಹೋಗಿ, ಬೆಳಿಗ್ಗೆ ಮಗನಿಗೆ ಬಡಿಸಿಟ್ಟ ತಟ್ಟೆಯನ್ನು ತಂದು ಅವನ ಮುಂದಿಟ್ಟು ಮುಚ್ಚಳ ತೆರೆದಳು. ಒಳಗೆಲ್ಲ ಹನಿ ಕೂತಿತ್ತು, ಆ ಹುಣ್ಣಿಮೆಯ ನಂತರವೂ ದಿನವೂ ಕೂತಂತೆಯೇ.

ಅವಳು ಅದನ್ನು ತೋಳಿನಿಂದ ಒರೆಸಿದಳು.

"ತಿನ್ನಪ್ಪ," ಎಂದಳು. "ಪೂರ್ತಿ ಮುಗಿಸದೆ ಏಳ್ಬೇಡ."